ನಾಲ್ಕು ಹತ್ತರ ಬಸ್ಸು

ಜೂನ್ ೨೧, ಭಾನುವಾರ. ಮಧ್ಯಾಹ್ನ ನಾಲ್ಕು ಹತ್ತಕ್ಕೆ ಪತ್ರಿಕೆಗೆ ಇದನ್ನು ಬರೆಯಲು ಕೂತೆ.

ಬೆಳಿಗ್ಗೆ ಕಪಾಟು ಒರೆಸುವಾಗ ಶಾಲೆಯ ದಿನಗಳ ಕಂಪಾಸ್ ಪೆಟ್ಟಿಗೆ ಸಿಕ್ಕಿತು. ಮುಚ್ಚಳ ತೆಗೆದೊಡನೆ ತಗಡು, ರಬ್ಬರು, ಪೆನ್ಸಿಲ್ ಹೆರೆದ ಪುಡಿ... ಮೂರೂ ಸೇರಿದ ಆ ವಾಸನೆ. ತಳದಲ್ಲಿ ನಾಲ್ಕು ಮಡಿಕೆಯ ಒಂದು ಹಾಳೆ. ಅದರ ತಲೆಯ ಮೇಲೆ ‘ವಿಧಾನಸಭಾ ಸದಸ್ಯರು’ ಎಂದು ಅಚ್ಚಾಗಿದೆ. ಮುಂದೆ ನೀಲಿ ಶಾಯಿಯಲ್ಲಿ ‘ಮಾಜಿ’ ಎಂದು ಕೈಯಲ್ಲಿ ಸೇರಿಸಿದೆ.

ಆ ಹಾಳೆ ಕೊಟ್ಟವರನ್ನು ನಾನು ಆಮದಾರ ಅಜ್ಜ ಎನ್ನುತ್ತಿದ್ದೆ. ಮರಾಠಿಯಲ್ಲಿ ಶಾಸಕರಿಗೆ ಆಮದಾರ ಎನ್ನುತ್ತಾರೆ. ಪುಣೆಯ ಬಿಬವೇವಾಡಿಯಲ್ಲಿರುವ ನಮ್ಮ ಕಟ್ಟಡದ ವಾಚ್‌ಮನ್ ಅವರಿಗೆ ದಿನವೂ ‘ನಮಸ್ಕಾರ, ಆಮದಾರ ಸಾಹೇಬ’ ಎಂದು ಸೆಲ್ಯೂಟ್ ಹೊಡೆಯುತ್ತಿದ್ದ. ಉತ್ತರ ಕರ್ನಾಟಕದ ಒಂದು ಕ್ಷೇತ್ರದಿಂದ ಒಂದೇ ಸಲ ಗೆದ್ದು, ಮುಂದಿನ ಸಲ ಸೋತು, ಮಗಳನ್ನು ಕೊಟ್ಟ ಊರೆಂದು ಪುಣೆಗೆ ಬಂದಿದ್ದರು. ನಮ್ಮ ಎದುರು ಮನೆ. ಯಾರು ಬಂದರೂ ಬಾಗಿಲ ತನಕ ನಡೆದು ಬಂದು ಕೈಮುಗಿದು ಕಳಿಸುವರು, ಹಾಲಿನವನನ್ನೂ.

ನಾನು ಒಂಬತ್ತನೇ ತರಗತಿಯಲ್ಲಿ ಗಣಿತಕ್ಕೆ ನೂರಕ್ಕೆ ಇಪ್ಪತ್ಮೂರು ತಂದ ದಿನ ಅವ್ವನ ಕೂಗು ಕೇಳಿ ಅವರು ಬಾಗಿಲು ತೆರೆದರು.

“ಎಷ್ಟ ಬಂದಾವವ್ವಾ?”

“ಇಪ್ಪತ್ಮೂರು ರೀ ಕಾಕಾ! ಹಾಲಿನಾಂವ ಬಂದ ಹೊತ್ತು ಡೈರಿಯೊಳಗ ಬರೀತಾಳ, ಹೋದ ಬಂದ ಬಸ್ಸಿನ ನಂಬರ್ ಬರೀತಾಳ. ಗಣಿತ ಒಂದ ಬರೂದಿಲ್ಲ,” ಎಂದಳು ಅವ್ವ.

“ನಾಳಿಂದ ನಾಲ್ಕೂ ಹತ್ತಕ್ಕ ನಮ್ಮನಿಗೆ ಕಳಸ್ರಿ. ನಾಲ್ಕೂ ಐವತ್ತಕ್ಕ ಬಿಡತೀನಿ.”

ಒಳಗಿನಿಂದ ಅವರ ಹೆಂಡತಿ, ನನಗೆ ಅಜ್ಜಿ, ಕೂಗಿ ಹೇಳಿದರು: “ಮತಾ ಎಣಸೂದರಾಗ ಮುನ್ನೂರು ಕಮ್ಮಿ ಬಿದ್ದು ಬಂದಾರ, ಇವರೇನ ಗಣಿತಾ ಕಲಸ್ತಾರವಾ!” ಮೊದಲು ನಕ್ಕವರು ಅಜ್ಜನೇ.

ನಮ್ಮ ಶಾಲೆ ಮಧ್ಯಾಹ್ನಕ್ಕೇ ಬಿಡುತ್ತಿತ್ತು. ನಾಲ್ಕು ಹತ್ತಕ್ಕೆ ನಾನು ಹೋದಾಗ ಅವರು ಬಾಲ್ಕನಿಯಲ್ಲಿ ನಿಂತಿರುತ್ತಿದ್ದರು. ಆ ಹೊತ್ತಿಗೆ ಕೆಳಗಿನ ರಸ್ತೆಯಲ್ಲಿ ಒಂದು ಬಸ್ಸು ಹೋಗುತ್ತಿತ್ತು. ಹಳದಿ ಪರದೆಯ ಹಿಂದಿನ ಬಿಸಿಲಿಗೆ ಇಡೀ ಕೋಣೆ ಜೇನಿನ ಬಣ್ಣಕ್ಕೆ ತಿರುಗಿರುತ್ತಿತ್ತು, ಫ್ಯಾನು ನಿಧಾನವಾಗಿ ಸುತ್ತುತ್ತಿತ್ತು... ಬಸ್ಸಿನ ಸದ್ದು ದೂರ ಹೋಗಿ ಕರಗುವವರೆಗೆ ಅಜ್ಜ ಅಲ್ಲಿದ್ದೂ ಇರುತ್ತಿರಲಿಲ್ಲ. ಆಮೇಲೆ ತಿರುಗಿ, “ಸದನ ಸೇರಿತು. ಕೇಳ್ರಿ, ಮಾನ್ಯ ಸದಸ್ಯರ,” ಎನ್ನುತ್ತಿದ್ದರು.

ನಾನು ಎದ್ದು ನಿಂತು ಪ್ರಶ್ನೆಯ ಸಂಖ್ಯೆ ಹೇಳಬೇಕು. ಒಂದೊಂದು ಲೆಕ್ಕಕ್ಕೂ ಮೂರು ಉಪಪ್ರಶ್ನೆ ಕೇಳಲೇಬೇಕು. ಅವರಿಗೆ ಉತ್ತರ ಗೊತ್ತಿಲ್ಲದಿದ್ದರೆ ಗಂಭೀರವಾಗಿ “ಪರಿಶೀಲನೆಯಲ್ಲಿದೆ” ಎನ್ನುವರು. ಮರುದಿನ ಉತ್ತರ ತಪ್ಪದೆ ಬರುತ್ತಿತ್ತು. ಸ್ನಾನವನ್ನೂ ಮರೆತು ನನ್ನ ಪುಸ್ತಕ ಹಿಡಿದು ಕೂರುತ್ತಾರೆಂದು ಅಜ್ಜಿ ದೂರುತ್ತಿದ್ದರು. ಡೈರಿಯ ಪ್ರಕಾರ ಎರಡು ವರ್ಷದಲ್ಲಿ ಒಟ್ಟು ಮುನ್ನೂರ ಹನ್ನೆರಡು ದಿನ ಪಾಠ. ಅವರು ತಪ್ಪಿಸಿದ್ದು ಆರು ದಿನ, ನಾನು ಹದಿನೇಳು.

ಒಮ್ಮೆ ಮಾತ್ರ ಅವರು ದನಿ ಎತ್ತಿದರು. ಗೆಳತಿಯ ಬರ್ತ್‌ಡೇ ಇತ್ತು. “ಅಜ್ಜಾ, ಇವತ್ತ ನಾಲ್ಕೂವರಿಗೆ ಓಡತೀನಿ,” ಎಂದೆ.

“ಓಡಬ್ಯಾಡ!”

ಅಡುಗೆಮನೆಯಲ್ಲಿ ಪಾತ್ರೆಗಳ ಸದ್ದು ನಿಂತಿತು. ಅಜ್ಜ ಕುರ್ಚಿಯ ಕೈ ಹಿಡಿದು ಕೂತರು. ಯಾರಿಗೋ ಹೇಳುವಂತೆ ಹೇಳತೊಡಗಿದರು...

ಅವರ ಕ್ಷೇತ್ರದ ಒಂದು ಹೈಸ್ಕೂಲಿಗೆ ಸುತ್ತಲಿನ ಹಳ್ಳಿಗಳಿಂದ ಬರುವ ಹದಿನಾಲ್ಕು ಹುಡುಗಿಯರು ಹತ್ತನೇ ತರಗತಿಯಲ್ಲಿದ್ದರು. ತಿರುಗಿ ಹೋಗಲು ಒಂದೇ ಬಸ್ಸು, ನಾಲ್ಕು ಹತ್ತಕ್ಕೆ. ಶಾಲೆ ಬಿಡುವುದು ನಾಲ್ಕು ಐವತ್ತಕ್ಕೆ. ಗಣಿತದ ಮಾಸ್ತರರು ಇನ್ನೊಂದು ಶಾಲೆ ಮುಗಿಸಿ ಸೈಕಲ್ ತುಳಿದು ಬರುತ್ತಿದ್ದುದರಿಂದ ಗಣಿತ ಯಾವಾಗಲೂ ಕೊನೆಯ ಪಿರಿಯಡ್. ಅವರು ಒಳಗೆ ಬರುವ ಹೊತ್ತಿಗೆ ಹುಡುಗಿಯರು ಚೀಲ ಹೊತ್ತು ಬಸ್ಸಿಗೆ ಓಡುತ್ತಿದ್ದರು. ಬಸ್ಸಿನ ವೇಳೆ ಬದಲಿಸಿ ಕೊಡಿರೆಂದು ಆ ಹುಡುಗಿಯರೇ ಶಾಸಕರ ಮುಂದೆ ಬಂದು ನಿಂತರು.

ಡಿಪೋಗೆ ಒಂದು ಫೋನ್ ಸಾಕಿತ್ತು. ಆದರೆ ಗೆದ್ದು ಮೂರು ವರ್ಷವಾದರೂ ಅವರು ಸದನದಲ್ಲಿ ಬಾಯಿ ತೆರೆದಿರಲಿಲ್ಲ; ಊರಲ್ಲಿ ಅದೇ ನಗೆಯಾಗಿತ್ತು. ಇದನ್ನೇ ಕೇಳೋಣ ಎಂದುಕೊಂಡರು. ಮಂತ್ರಿಗಳು ಎದ್ದು ನಿಂತು ಬಾಯಿಂದಲೇ ಉತ್ತರಿಸಬೇಕಾದ ಪ್ರಶ್ನೆಗೆ ಚುಕ್ಕೆಯ ಗುರುತು ಹಾಕುತ್ತಾರೆ. ಅಂಥ ಪ್ರಶ್ನೆ ಬರೆದು ಅಧಿವೇಶನಕ್ಕೆ ಕಾದರು, ತಿಂಗಳುಗಟ್ಟಲೆ. ಆ ದಿನ ಪಟ್ಟಿಯಲ್ಲಿ ಅವರದು ಹನ್ನೆರಡನೆಯದು. ಒಂಬತ್ತನೆಯದಕ್ಕೆ ಗದ್ದಲ ಎದ್ದು ಕಲಾಪ ಮುಂದೂಡಿದರು. ಕೈಗೆ ಬಂದದ್ದು ಒಂದು ಸಾಲಿನ ಲಿಖಿತ ಉತ್ತರ: ಪರಿಶೀಲನೆಯಲ್ಲಿದೆ. ಅಷ್ಟರಲ್ಲಿ ಪರೀಕ್ಷೆ ಬಂತು. ಹದಿನಾಲ್ಕರಲ್ಲಿ ಹನ್ನೊಂದು ಹುಡುಗಿಯರು ಗಣಿತದಲ್ಲಿ ಫೇಲಾದರು.

ಫಲಿತಾಂಶದ ಮೇಲೆ ಆ ಊರಿಗೆ ಹೋದಾಗ ಒಬ್ಬಳು ಕೇಳಿದಳಂತೆ: “ಸಾಹೇಬ್ರ, ಒಂದ್ ಫೋನ್ ಮಾಡಿದ್ರ ಆಗತಿದ್ದಿಲ್ಲೇನ್ರೀ?” ಅಲ್ಲಿಂದಲೇ ಫೋನ್ ಮಾಡಿದರು. ನಾಳೆಯಿಂದಲೇ ಬಸ್ಸನ್ನು ಐದಕ್ಕೆ ಬಿಡುತ್ತೇವೆ ಎಂದರು ಡಿಪೋದವರು.

“ಎರಡ ನಿಮಿಷದ ಮಾತಿತ್ತವಾ,” ಎಂದರು ಅಜ್ಜ. “ನಾ ನಿಂತು ಮಾತಾಡೂದನ್ನ ಮಂದಿ ನೋಡ್ಲಿ ಅಂತ ಆ ಹುಡುಗ್ಯಾರನ್ನ ಕಾಯಿಸಿದೆ.”

ಅಜ್ಜಿ ಚಹಾ ತಂದಿಟ್ಟು, “ಮುಗದದ್ದು ಮುಗೀತಲ್ಲ,” ಎಂದರು.

“ಮುಗದಿಲ್ಲ.”

ನಾನು ಬರ್ತ್‌ಡೇಗೆ ಹೋಗಲಿಲ್ಲ. ಆ ದಿನ ಐದೂ ಇಪ್ಪತ್ತರವರೆಗೆ ಲೆಕ್ಕ ಮಾಡಿದೆವು.

ಹತ್ತನೇ ತರಗತಿಯಲ್ಲಿ ನನಗೆ ಎಪ್ಪತ್ತೊಂದು ಬಂತು. ಅಜ್ಜ ಎದ್ದು ನಿಂತು, ಗಂಟಲು ಸರಿಮಾಡಿಕೊಂಡು, ಅಂಕಪಟ್ಟಿಯನ್ನು ಸದನದಲ್ಲಿ ಓದುವಂತೆ ಗಟ್ಟಿಯಾಗಿ ಓದಿದರು. ಆಮೇಲೆ ಈ ಹಾಳೆ ಕೊಟ್ಟರು. ಸದನದಲ್ಲಿ ಕೇಳಲಾಗದ ಬಸ್ಸಿನ ಪ್ರಶ್ನೆಯನ್ನೇ ಮತ್ತೆ ಬರೆದು, ಮುಂದೆ ಶಾಯಿಯಲ್ಲಿ ಪುಟ್ಟ ಚುಕ್ಕೆ ಬಿಡಿಸಿದ್ದರು. ಕೆಳಗೆ ಎರಡು ಉಪಪ್ರಶ್ನೆ. ಮೂರು ಎಂದು ಬರೆದು ಖಾಲಿ ಬಿಟ್ಟಿದ್ದರು.

“ಈ ಮೂರನೇದು ಏನ ಅಜ್ಜಾ?”

“ಆ ಹನ್ನೊಂದು ಮಂದಿದು ಮುಂದ ಏನಾತು ಅನ್ನೂದು. ಕೇಳಲಿಕ್ಕೆ ನನಗ ಧೈರ್ಯ ಆಗಿಲ್ಲ. ಊರ ಹೆಸರು ಎಲ್ಲೂ ಬರೀಬ್ಯಾಡ, ಆದರ ನಿನಗ ಧೈರ್ಯ ಬಂದ್ರ ಕೇಳು.”

ಕೇಳುತ್ತೇನೆ ಎಂದಿದ್ದೆ. ಎಷ್ಟು ಹಗುರಾಗಿ ಎಂದಿದ್ದೆ...

ನಾನು ಪುಣೆ ಹತ್ತಿರದ ರಾಂಜಣಗಾಂವದ ಫ್ಯಾಕ್ಟರಿಯಲ್ಲಿ ಕೆಲಸಕ್ಕೆ ಸೇರಿದ ತಿಂಗಳಲ್ಲೇ ಅವರು ತೀರಿಕೊಂಡರು. ಆ ದಿನದ ಡೈರಿ ತೆರೆದು ನೋಡಿದೆ: ‘ಕಂಪನಿ ಬಸ್ಸು ೬.೦೫, ಐದು ನಿಮಿಷ ತಡ.’ ಅಷ್ಟೇ ಇದೆ. ಸುದ್ದಿ ತಲುಪಿದ ಹೊತ್ತನ್ನು ಸಹ ಬರೆದಿಲ್ಲ. ಅಜ್ಜಿ ಮಗಳ ಮನೆಗೆ ಹೋದರು. ಎದುರು ಮನೆಯ ಬಾಲ್ಕನಿಯಲ್ಲಿ ಈಗ ಬೇರೆಯವರ ಬಟ್ಟೆಗಳು ಒಣಗುತ್ತವೆ. ಆ ಶಾಲೆಗೆ ನಾನು ಎರಡು ಪತ್ರ ಬರೆದೆ. ಉತ್ತರ ಬಂದಿಲ್ಲ.

ಊರ ಹೆಸರು ಇಲ್ಲೂ ಬರೆದಿಲ್ಲ. ಬಲ್ಲವರಿಗೆ ಇಷ್ಟು ಸಾಕಾಗಬಹುದು: ಶಾಲೆಯ ಮುಂದೆ ಬೇವಿನ ಮರ, ಅದನ್ನು ಸುತ್ತಿ ತಿರುಗುವ ಬಸ್ಸು, ಸೈಕಲ್ ಮೇಲೆ ಬರುವ ಗಣಿತದ ಮಾಸ್ತರರು. ಆ ಹದಿನಾಲ್ಕು ಜನರಲ್ಲಿ ಯಾರಾದರೂ, ಅವರ ಅಕ್ಕ ತಂಗಿಯರು, ಮಕ್ಕಳು, ಇದನ್ನು ಓದಿದರೆ ದಯವಿಟ್ಟು ಈ ಪತ್ರಿಕೆಗೆ ಒಂದು ಸಾಲು ಬರೆಯಿರಿ. ಹನ್ನೊಂದರಲ್ಲಿ ಎಷ್ಟು ಮಂದಿ ಮತ್ತೆ ಪರೀಕ್ಷೆಗೆ ಕೂತಿರಿ? ಬಸ್ಸು ಐದಕ್ಕೇ ಉಳಿಯಿತೆ?

ಅಜ್ಜನ ಹಾಳೆಯಲ್ಲಿ ಮೂರರ ಮುಂದೆ ನಾನೇ ಈ ಪ್ರಶ್ನೆ ಬರೆದಿದ್ದೇನೆ. ಉತ್ತರ ಬಂದ ತಾರೀಖು ಹಾಕಲು ಪಕ್ಕದಲ್ಲಿ ಜಾಗ ಬಿಟ್ಟಿದ್ದೇನೆ. ಈಗ ನಾಲ್ಕು ಐವತ್ತು.