ಹಸ್ತಬೀರ ಹೊಲಿದ ರಾಯಭಾರಿಗಳು

ರಾಯಭಾರಿಗಳನ್ನು ರಾಜರು ನೇಮಿಸುತ್ತಾರೆ ಎಂದು ಶಾಲೆಯ ಪುಸ್ತಕಗಳಲ್ಲಿದೆ. ಬರೆದವರಿಗೆ ಹಸ್ತಬೀರ ಪರಿಯಾರನ ಪರಿಚಯವಿರಲಿಲ್ಲ. ಕಾಠ್ಮಂಡುವಿನಿಂದ ಹೊರದೇಶಕ್ಕೆ ಹೊರಟ ಹತ್ತೊಂಬತ್ತು ರಾಯಭಾರಿಗಳನ್ನು ಕತ್ತರಿಸಿ, ಹೊಲಿದು, ಇಸ್ತ್ರಿ ಹಾಕಿ ವಿಮಾನಕ್ಕೆ ಹತ್ತಿಸಿದವನು ಅವನು. ಡಿಲ್ಲಿಬಜಾರಿನ ಇಳಿಜಾರಿನಲ್ಲಿ ಅವನ ಅಂಗಡಿ. ಒಳಗೆ ಒಬ್ಬ ಉಸಿರು ಬಿಟ್ಟ ಮೇಲೆಯೇ ಇನ್ನೊಬ್ಬ ಎಳೆದುಕೊಳ್ಳಬೇಕು, ಅಷ್ಟು ವಿಶಾಲ.

ನಾನು ವಿದೇಶಾಂಗ ಸಚಿವಾಲಯದ ಶಿಷ್ಟಾಚಾರ ಶಾಖೆಯಲ್ಲಿ ಇಪ್ಪತ್ತೆರಡು ವರ್ಷ ಗುಮಾಸ್ತನಾಗಿದ್ದೆ. ಹೊಸ ರಾಯಭಾರಿಯ ಹೆಸರು ಬಂದರೆ ನನಗೆ ಮೂರು ಕೆಲಸ. ಆ ದೇಶದವರು 'ಈ ಮನುಷ್ಯ ನಮಗಾದೀತು' ಎಂದು ಒಪ್ಪಿ ಬರೆದ ಕಾಗದ ಬಂತೇ ಎಂದು ನೋಡುವುದು, ನಮ್ಮ ರಾಜರು ಅಲ್ಲಿನ ದೊರೆಗೆ ಬರೆಯುವ ವಿಶ್ವಾಸಪತ್ರಕ್ಕೆ ಮೊಹರು ಹಾಕಿಸುವುದು, ಆಮೇಲೆ ಹಸ್ತಬೀರನನ್ನು ಕರೆತರುವುದು. ಮೊದಲೆರಡು ತಡವಾದರೆ ಹೇಗೋ ನಿಭಾಯಿಸಬಹುದಿತ್ತು. ದಾರ ಕಟ್ಟುವ ಉದ್ದಂಗಿ ದೌರಾ, ಕಾಲಿಗೆ ಸುರುವಾಲ್ ಷರಾಯಿ, ಇವೆರಡನ್ನೂ ತೊಡದೆ ನಮ್ಮವರು ಪರರಾಜರ ಅರಮನೆಯ ಮೆಟ್ಟಿಲು ಹತ್ತುವಂತಿರಲಿಲ್ಲ.

ಹಿಂದೆ ನಮ್ಮ ದೂತರು ಪೀಕಿಂಗಿನ ಚಕ್ರವರ್ತಿಗೆ ಕಾಣಿಕೆ ಹೊತ್ತು ಹಿಮ ದಾಟಿ ಹೋಗುತ್ತಿದ್ದರು. ಹೋಗುವಾಗ ಹೊಲಿಸಿದ ದೌರಾ ವಾಪಸು ಬರುವಷ್ಟರಲ್ಲಿ ಮೊಮ್ಮಗನ ಮೈಗೆ ಸರಿಹೋಗುತ್ತಿತ್ತು ಎಂದು ಹಸ್ತಬೀರನ ಅಪ್ಪ ಹೇಳುತ್ತಿದ್ದನಂತೆ. ಆಮೇಲೆ ಕುದುರೆ ಹೋಗಿ ರೈಲು ಬಂತು, ರೈಲು ಹೋಗಿ ವಿಮಾನ ಬಂತು. ದರ್ಜಿ ಮಾತ್ರ ಜಗಲಿಯಲ್ಲೇ ಉಳಿದ.

ಹಸ್ತಬೀರ ದಮಾಯಿ ಜಾತಿಯವನು. ಹೊಲಿಯುವುದು, ಮದುವೆಗೆ ಸನಾಯಿ ಊದುವುದು ಅವರ ಕುಲಕಸುಬು. ಅವರು ಹೊಲಿದದ್ದನ್ನು ತೊಡಬಹುದು, ಊದಿದ್ದಕ್ಕೆ ಕುಣಿಯಬಹುದು, ಅವರು ಮುಟ್ಟಿದ ನೀರು ಕುಡಿಯುವಂತಿಲ್ಲ. ಅವರ ಕೈ ತಗುಲಿದ್ದಕ್ಕೆಲ್ಲ ಬಂಗಾರದ ಉಂಗುರ ಅದ್ದಿದ ನೀರು ಚಿಮುಕಿಸಿ ಶುದ್ಧ ಮಾಡಬೇಕು. ಇದನ್ನೆಲ್ಲ ಅಳಿಸಿ ಕಾನೂನು ಬಂದು ಆಗಲೇ ಮೂವತ್ತು ವರ್ಷವಾಗಿತ್ತು. ಆ ಕಾನೂನನ್ನೂ ಜಗಲಿಯಿಂದ ಒಳಗೆ ಬಿಟ್ಟಿರಲಿಲ್ಲ.

ಹಸ್ತಬೀರನ ಅಪ್ಪನ ಹತ್ತಿರ ಅಳತೆ ಪಟ್ಟಿಯೇ ಇರಲಿಲ್ಲ. ಬಾಗಮತಿಯ ಈ ದಡದಲ್ಲಿ ನಿಂತು ಆ ದಡದಲ್ಲಿ ಮೀಯುವವನ ಸೊಂಟವನ್ನು ಅರ್ಧ ಬೆರಳೂ ತಪ್ಪದೆ ಹೇಳುತ್ತಿದ್ದ. ಊರೆಲ್ಲ ಹೊಗಳುತ್ತಿತ್ತು, "ಏನು ಕಣ್ಣಪ್ಪಾ ಅವನದು" ಎಂದು. ಮುಟ್ಟಿ ಅಳೆಯಲು ಬಿಟ್ಟಿದ್ದರೆ ಅಂಥ ಕಣ್ಣಿನ ಗೊಡವೆಯೇ ಇರುತ್ತಿರಲಿಲ್ಲ ಎಂದು ಯಾರಿಗೂ ಹೊಳೆಯಲಿಲ್ಲ. ಮಗನ ಕಾಲಕ್ಕೆ ಪಟ್ಟಿ ಹಿಡಿದು ಮುಟ್ಟಿ ಅಳೆಯುವಷ್ಟು ಪ್ರಗತಿಯಾಯಿತು. ಜಗಲಿಯಲ್ಲಿ. ಹತ್ತೊಂಬತ್ತು ರಾಯಭಾರಿಗಳು, ಹತ್ತೊಂಬತ್ತು ಜಗಲಿಗಳು. ಅವನು ಹೊರಗೆ ಸೂಜಿ ಚುಚ್ಚುತ್ತಿದ್ದ, ನಾನು ಒಳಗೆ ಸೋಫಾದಲ್ಲಿ ಕೂತು ಚಹಾ ಕುಡಿಯುತ್ತಿದ್ದೆ. ನನಗಿಂತ ಎರಡು ವರ್ಷ ದೊಡ್ಡವನಾದರೂ ನನ್ನನ್ನು 'ದಾಇ', ಅಣ್ಣ, ಎನ್ನುತ್ತಿದ್ದ. ನಾನೂ ತಿದ್ದಲಿಲ್ಲ.

ಇಪ್ಪತ್ತನೆಯವರು ಪ್ರೊಫೆಸರ್ ಚೂಡಾನಾಥ ಢುಂಗೇಲ್. ಸಮಾನತೆಯ ಮೇಲೆ ಪುಸ್ತಕ ಬರೆದಿದ್ದರು. ಕಾಲ ಮೇಲೆ ಬಿದ್ದರೆ ಮೂಳೆ ಮುರಿಯುವಷ್ಟು ದಪ್ಪದ್ದು. ಯೂರೋಪಿನಲ್ಲಿ ರಾಣಿ ಆಳುವ ಒಂದು ದೇಶಕ್ಕೆ ಅವರ ನೇಮಕವಾಗಿತ್ತು. ಅಂಗಡಿಗೆ ತಾವೇ ಬಂದು, ರಾಣಿಯ ಮುಂದೆ ನಿಲ್ಲುವುದಕ್ಕೆ ಟಸರ್ ರೇಷ್ಮೆಯ ದೌರಾವೇ ಆಗಬೇಕೆಂದರು.

ಅವರು ತಂದ ಬಟ್ಟೆ ಮುಟ್ಟದೆ ಹಸ್ತಬೀರ ಹೇಳಿದ: "ಹೊಲಿದು ಕೊಡ್ತೀನಿ ಹಜೂರ್. ಒಂದು ಮಾತಿದೆ. ಕೊನೇ ದಿನ ತೊಡಿಸಿ ನೋಡೋದು ನಿಮ್ಮನೆ ಒಳಗೆ, ಕನ್ನಡಿ ಮುಂದೆ ಆಗ್ಬೇಕು. ಜಗಲೀಲಿ ಅಲ್ಲ."

"ಅದಕ್ಕೇನಂತೆ? ಅದನ್ನೂ ಕೇಳ್ಬೇಕಾ ನೀವು? ನನ್ನ ಪುಸ್ತಕದ ನಾಲ್ಕನೇ ಅಧ್ಯಾಯ ಓದಿದೀರಾ?"

"ಓದಿಲ್ಲ. ಅದರಲ್ಲಿ ನಿಮ್ಮನೆ ಬಾಗಿಲು ಬರುತ್ತಾ?"

ಪ್ರೊಫೆಸರ್ ನಕ್ಕರು. ಹಸ್ತಬೀರ ನಗಲಿಲ್ಲ. ಅವರು ಹೋದ ಮೇಲೆ ನನ್ನ ಕಡೆ ತಿರುಗಿ, "ದಾಇ, ಮೂವತ್ತು ವರ್ಷದಲ್ಲಿ ಇದೊಂದೇ ಕೇಳಿರೋದು. ಇದೂ ಆಗ್ಲಿಲ್ಲ ಅಂದ್ರೆ ಇನ್ಮೇಲೆ ರಾಯಭಾರಿಗಳು ಬರೀಮೈಲಿ ಹೋಗ್ಲಿ" ಎಂದ.

ಹದಿನೈದು ದಿನ ಹೊಲಿದ. ಐದು ನೆರಿಗೆ, ಎಂಟು ಕಟ್ಟುದಾರ. ಹೊಲಿಗೆ ಎಷ್ಟು ಸಣ್ಣದೆಂದರೆ ಇರುವೆಯೂ ಕನ್ನಡಕ ಹಾಕಿಕೊಂಡು ಹುಡುಕಬೇಕು. ತೊಡಿಸಿ ನೋಡುವ ದಿನ ಬೆಳಿಗ್ಗೆ ತಾನೂ ಒಗೆದ ಅಂಗಿ ತೊಟ್ಟು, ಹೊಸ ಕಾಲುಚೀಲ ಹಾಕಿಕೊಂಡು ಬಂದ. ಒಳಗೆ ಹೋಗುವಾಗ ಚಪ್ಪಲಿ ಬಿಡಬೇಕಲ್ಲ. ಆ ಕಾಲುಚೀಲ ನೆನೆದರೆ ನನಗೆ ಇವತ್ತಿಗೂ ಮೈ ಉರಿಯುತ್ತದೆ.

ಜ್ಞಾನೇಶ್ವರ ಬಡಾವಣೆಯ ಮನೆಯ ಬಾಗಿಲಿಗೆ ಅಡ್ಡಲಾಗಿ ಮಣೆ ಹಾಕಿಕೊಂಡು ಪ್ರೊಫೆಸರರ ತಾಯಿ ಕೂತಿದ್ದರು. ಎಂಬತ್ತು ದಾಟಿದ ಮುದುಕಿ. ಊರಿಗೆಲ್ಲ ಬಜೈ, ಅಜ್ಜಿ. ತೂಕ ಇಪ್ಪತ್ತು ಸೇರು ಇದ್ದೀತು, ಆದರೆ ಆನೆ ಬಂದರೂ ದಾಟಲಾಗದ ಹಾಗೆ ಕೂತಿದ್ದರು.

"ಹಸ್ತೆ ಬಂದ್ಯಾ? ಅಲ್ಲೇ ಬಿಸಿಲಿದೆ ನೋಡು, ಅಲ್ಲೇ ತೊಡಿಸಿ ನೋಡ್ಬಿಡು."

ಹೆಸರನ್ನು ಅರ್ಧಕ್ಕೆ ಕತ್ತರಿಸಿ ಕರೆಯುವುದು ನಮ್ಮಲ್ಲಿ ಅವರ ಜಾತಿಗೆ ಕೊಡುವ ಮರ್ಯಾದೆ. ಪ್ರೊಫೆಸರ್ ಅಂಗಳಕ್ಕಿಳಿದು ಬಂದು, "ಅಮ್ಮನಿಗೆ ಹುಷಾರಿಲ್ಲ, ಇವತ್ತೊಂದಿನ ಇಲ್ಲೇ ಮುಗಿಸೋಣ. ವಯಸ್ಸಾದವರು, ಸ್ವಲ್ಪ ಅರ್ಥ ಮಾಡ್ಕೊಳ್ಳಿ" ಎಂದು ಪಿಸುಗುಟ್ಟಿದರು.

"ನಮ್ಮಪ್ಪನಿಗೂ ವಯಸ್ಸಾಗಿತ್ತು ಹಜೂರ್. ಅವನನ್ನ ಅರ್ಥ ಮಾಡ್ಕೊಳ್ಳಿ ಅಂತ ಯಾರೂ ಯಾರಿಗೂ ಹೇಳಿಲ್ಲ."

ಆದರೂ ಎಂಟು ದಾರ ಕಟ್ಟಿದ. ಗೇಟಿನ ತನಕ ಹೋದವನು ಕತ್ತರಿ ಮರೆತಿದ್ದೇನೆಂದು ತಿರುಗಿದ. ಅಷ್ಟರಲ್ಲಿ ಕಳಚಿಟ್ಟ ದೌರಾವನ್ನು ಬಜೈ ಮಣೆಯ ಮೇಲೆ ಹರಡಿ, ತಾಮ್ರದ ಲೋಟದಲ್ಲಿ ಉಂಗುರ ಅದ್ದಿ, ಗದ್ದೆಗೆ ನೀರು ಹಾಯಿಸಿದ ಹಾಗೆ ಚಿಮುಕಿಸುತ್ತಿದ್ದರು. ಟಸರಿಗೆ ಹನಿ ಬಿದ್ದರೆ ಒಣಗಿದ ಮೇಲೆ ಉಂಗುರದಂಥ ಕಲೆ ನಿಲ್ಲುತ್ತದೆ. ಹಸ್ತಬೀರ ನೋಡುತ್ತ ನಿಂತ. ಹದಿನೈದು ದಿನದ ಕೆಲಸದ ಮೇಲೆ ಒಂದೊಂದಾಗಿ ಹನಿ ಬಿತ್ತು. ಕತ್ತರಿ ತೆಗೆದುಕೊಂಡು ಹೋದ.

ಮಧ್ಯಾಹ್ನ ಮೂರಕ್ಕೆ ಸಚಿವಾಲಯಕ್ಕೆ ಫೋನು ಬಂತು. ಪ್ರೊಫೆಸರರ ದನಿ ಅಳುವ ಹಾಗಿತ್ತು. ಮರುದಿನ ವಿಮಾನ, ದೌರಾದ ತುಂಬ ಕಲೆ, ಇನ್ನೊಂದು ಹೊಲಿಸಲು ಹೊತ್ತಿಲ್ಲ. ನಾನು ಟ್ಯಾಕ್ಸಿ ಹಿಡಿದು ಹಸ್ತಬೀರನನ್ನು ಕರೆದುಕೊಂಡು ಹೋದೆ. ಅವನ ಸಿಟ್ಟಿಗೆ ಟ್ಯಾಕ್ಸಿಯ ಇಂಜಿನ್ನಿನಲ್ಲಿ ನೀರು ಕುದಿಯಿತು ಎಂದರೆ ನೀವು ನಂಬುವುದಿಲ್ಲ. ಪುತಲಿಸಡಕದಲ್ಲಿ ನಿಲ್ಲಿಸಿ ನೀರು ಹಾಕಿಸಬೇಕಾಯಿತು.

ಹಸ್ತಬೀರ ದೌರಾವನ್ನು ಬಿಸಿಲಿಗೆ ಹಿಡಿದು ನೋಡಿದ. "ಹನ್ನೊಂದು ಕಲೆ. ಅದರಲ್ಲಿ ಎಂಟು, ಮೇಲೆ ತೊಡೋ ಕೋಟಿನ ಒಳಗೆ ಹೋಗುತ್ತೆ. ಕೆಳಗಿನ ಮೂರು ಕಾಣುತ್ತೆ."

"ತೆಗೆಯೋಕಾಗುತ್ತಾ?" ಎಂದರು ಪ್ರೊಫೆಸರ್.

"ಆಗುತ್ತೆ. ಇಡೀ ಬಟ್ಟೆ ಉಗುರುಬೆಚ್ಚಗಿನ ನೀರಲ್ಲಿ ಒಂದೇ ಸಮ ನೆನೀಬೇಕು. ಆಮೇಲೆ ಅರೆ ಒದ್ದೆ ಇರೋವಾಗ್ಲೇ ಇಸ್ತ್ರಿ."

"ಹಾಗಾದ್ರೆ ಅಂಗಡಿಗೆ ತಗೊಂಡು ಹೋಗಿ ಮಾಡ್ಬಿಡಿ, ಪುಣ್ಯ ಬರುತ್ತೆ."

"ಅಂಗಡೀಲಿರೋದು ನನ್ನ ಕೊಡ, ನನ್ನ ನೀರು. ಬಜೈ, ನಾನು ನನ್ನ ನೀರಲ್ಲಿ ಮುಳುಗಿಸಿ ತಂದ್ರೆ ನೀವೇನು ಮಾಡ್ತೀರಿ?"

ಬಜೈ ಮಣೆ ಬಿಟ್ಟು ಏಳಲಿಲ್ಲ. "ಮಾಡೋದೇನು, ಬಂಗಾರದ ನೀರು ಚಿಮುಕಿಸ್ತೀನಿ. ಮಗ ದೇವರ ಮುಂದೆ ನಿಂತು ತೊಟ್ಟು ಹೊರಡ್ಬೇಕಲ್ವೇನೋ."

"ಮತ್ತೆ ಕಲೆ. ಮತ್ತೆ ನಾನು ಮುಳುಗಿಸೋದು, ಮತ್ತೆ ನೀವು ಚಿಮುಕಿಸೋದು. ಹೀಗೇ ಆಗ್ತಾ ಇದ್ರೆ ಆ ರಾಣಿ ಸತ್ತು ಅವರ ಮಗ ಪಟ್ಟಕ್ಕೆ ಬಂದಿರ್ತಾನೆ."

ನನಗೆ ನಗು ಬಂತು. ಅವನು ನನ್ನನ್ನು ನೋಡಿದ ನೋಟಕ್ಕೆ ಅದನ್ನು ಕೆಮ್ಮಾಗಿಸಿಕೊಂಡೆ.

"ಒಂದೇ ದಾರಿ ಇದೆ ಹಜೂರ್. ನೀರು ನಿಮ್ಮನೆದು, ಪಾತ್ರೆ ನಿಮ್ಮನೆದು, ಒಲೆ ನಿಮ್ಮದು. ಕೈ ನಂದು. ನಿಮ್ಮ ಅಡುಗೆಮನೇಲಿ ನಾನೇ ನೀರು ಕಾಯಿಸಿ, ನಾನೇ ಅದ್ದಿ ತೆಗೀತೀನಿ. ಆಮೇಲೆ ಯಾರೂ ಏನೂ ಚಿಮುಕಿಸಬಾರದು. ಅರ್ಧ ಗಂಟೆ ಕೆಲಸ."

ಪ್ರೊಫೆಸರ್ ಹೊಸಿಲಿನ ಮೇಲೆ ಒಂದು ಕಾಲು ಒಳಗೆ, ಒಂದು ಕಾಲು ಹೊರಗೆ ಇಟ್ಟು ನಿಂತಿದ್ದರು. "ಅಮ್ಮಾ" ಎಂದರು.

"ನನ್ನ ಹೆಣ ಹೊರಗೆ ಹಾಕಿ ಆಮೇಲೆ ಅವನನ್ನ ಅಡುಗೆಮನೆಗೆ ಕರ್ಕೊಂಡು ಹೋಗು" ಎಂದರು ಬಜೈ, ಹಾಲಿಗೆ ಹೆಪ್ಪು ಹಾಕಲು ಹೇಳುವಷ್ಟು ಸಾವಧಾನವಾಗಿ.

ಪ್ರೊಫೆಸರ್ ತಾಯಿಯನ್ನು ನೋಡಿದರು, ದೌರಾವನ್ನು ನೋಡಿದರು. ಹಸ್ತಬೀರನನ್ನು ಮಾತ್ರ ನೋಡಲಿಲ್ಲ. "ಹಸ್ತಬೀರ್‌ಜೀ, ಹಿತ್ತಲಲ್ಲಿ ನಲ್ಲಿ ಇದೆ. ಅಲ್ಲೇ ಒಂದು ಬಕೆಟ್ಟಿಗೆ..."

ಹಸ್ತಬೀರ ದೌರಾವನ್ನು ಮಡಿಸಿ, ಐದು ನೆರಿಗೆ ಸರಿಮಾಡಿ, ಜಗಲಿಯ ಮೇಲಿಟ್ಟ.

"ಹೀಗೇ ತೊಟ್ಕೊಂಡು ಹೋಗಿ ಹಜೂರ್. ರಾಯಭಾರಿ ಅಂದ್ರೆ ನಮ್ಮ ದೇಶ ಹೇಗಿದೆಯೋ ಹಾಗೇ ಅಲ್ಲಿ ನಿಂತ ಹಾಗೆ ಅಂತ ಈ ದಾಇ ಯಾವಾಗ್ಲೂ ಹೇಳ್ತಿದ್ರು. ಹತ್ತೊಂಬತ್ತು ಜನಕ್ಕೆ ಸುಳ್ಳು ದೌರಾ ಹೊಲಿದು ಕೊಟ್ಟೆ. ನಿಮ್ಮದೊಂದೇ ಸರಿಯಾಗಿರೋದು."

ಹಿಂತಿರುಗಿ ನೋಡದೆ ಗೇಟು ದಾಟಿದ. ಹೊಲಿದದ್ದರ ಕೂಲಿಯನ್ನೂ ಕೇಳಲಿಲ್ಲ.

ತಿಂಗಳ ಮೇಲೆ ವಿಶ್ವಾಸಪತ್ರ ಸಲ್ಲಿಸಿದ ಫೋಟೋ ಸಚಿವಾಲಯಕ್ಕೆ ಬಂತು. ರಾಣಿ ಕೈ ಚಾಚಿದ್ದರು. ನಮ್ಮ ಪ್ರೊಫೆಸರ್ ಒಂದು ಕೈಯಲ್ಲಿ ಪತ್ರ ಕೊಡುತ್ತ, ಇನ್ನೊಂದು ಕೈಯನ್ನು, ಸ್ನಾನದ ಮನೆಯಲ್ಲಿ ಸಿಕ್ಕಿಬಿದ್ದವರ ಹಾಗೆ, ದೌರಾದ ಮುಂದೆ ಅಡ್ಡ ಹಿಡಿದಿದ್ದರು. ಮೂರರಲ್ಲಿ ಎರಡು ಕಲೆ ಮುಚ್ಚಿತ್ತು. ಅದೇ ವಾರ ಅಲ್ಲಿನ ಒಂದು ಸಭೆಯಲ್ಲಿ, ನಮ್ಮ ದೇಶದಲ್ಲಿ ಅಸ್ಪೃಶ್ಯತೆ ಇತಿಹಾಸಕ್ಕೆ ಸೇರಿದೆ ಎಂದು ಅವರು ಭಾಷಣ ಮಾಡಿದ ಸುದ್ದಿಯೂ ಬಂತು.

ಫೋಟೋದ ಒಂದು ಪ್ರತಿ ಜೇಬಿಗೆ ಹಾಕಿಕೊಂಡು ಡಿಲ್ಲಿಬಜಾರಿಗೆ ಓಡಿದೆ. ಹಸ್ತಬೀರ ಶಾಲೆಯ ಮಕ್ಕಳ ನೀಲಿ ಚಡ್ಡಿ ಹೊಲಿಯುತ್ತಿದ್ದ. ಅಂಗಡಿಯ ಹೊರಗೆ ಹೊಸ ಹಲಗೆ ತೂಗುತ್ತಿತ್ತು: 'ಜಗಲಿಯಲ್ಲಿ ಅಳತೆ ತೆಗೆಯುವುದಿಲ್ಲ.' ಆಮೇಲೆ ಒಬ್ಬ ರಾಯಭಾರಿಯೂ ಆ ಇಳಿಜಾರು ಇಳಿಯಲಿಲ್ಲ, ಬೇರೆ ದರ್ಜಿಯ ಹತ್ತಿರ ಹೋದರು. ನಾನೇ ಕರೆದುಕೊಂಡು ಹೋದೆ, ಅದು ನನ್ನ ಕೆಲಸ.

ಫೋಟೋ ನೋಡಿ ನಾನು ಹೊಟ್ಟೆ ಹಿಡಿದು ನಕ್ಕೆ. "ನೋಡೋ, ಆ ಕೈ ನೋಡೋ. ಪುಸ್ತಕ ಬರೆದ ಕೈ. ನಾಲ್ಕನೇ ಅಧ್ಯಾಯ."

ಹಸ್ತಬೀರ ಮಷಿನ್ನಿನ ಚಕ್ರ ಹಿಡಿದು ನಿಲ್ಲಿಸಿದ. ಫೋಟೋ ನೋಡಲಿಲ್ಲ, ನನ್ನನ್ನು ನೋಡಿದ.

"ದಾಇ, ನಿಮ್ಮನೆ ಅಡುಗೆಮನೆ ಯಾವ ಕಡೆ ಮುಖ?"

"ಪೂರ್ವಕ್ಕೆ. ಯಾಕೆ?"

"ಇಷ್ಟು ವರ್ಷದ ಸ್ನೇಹ ಅಲ್ವಾ. ನನಗೆ ಗೊತ್ತಿರ್ಲಿಲ್ಲ."

ಮಷಿನ್ನು ಮತ್ತೆ ಓಡತೊಡಗಿತು. ನನ್ನ ಬಾಯಲ್ಲಿ ಯಾವಾಗಲೂ ಒಂದು ತಮಾಷೆ ಇರುತ್ತದೆ ಎಂದು ಶಾಖೆಯಲ್ಲೆಲ್ಲ ಹೆಸರಾಗಿತ್ತು. ಆ ದಿನ ಹುಡುಕಿದೆ, ಒಂದೂ ಸಿಗಲಿಲ್ಲ.