ಹಿಂದಿನ ಗೋಡೆಯ ಕೆಂಪು ಗೆರೆ

ಬಣ್ಣ ಹೊಡೆದು ಮುಗಿಸಿದ ಗೋಡೆಯ ಮುಂದೆ ನಿಂತು ಫೋಟೋ ತೆಗೆದು, ಸ್ಟೇಟಸ್ ಹಾಕದೆ ಮನು ಊಟಕ್ಕೆ ಕೂರುವವನಲ್ಲ. ನೋಡುವವರು ಹನ್ನೊಂದು ಮಂದಿ. ಅದರಲ್ಲಿ ಇಬ್ಬರು ಪೇಂಟ್ ಅಂಗಡಿಯವರು.

ನೆಲ್ಯಹುದಿಕೇರಿಯ ಹೊಳೆದಂಡೆಯಲ್ಲಿರುವ ಬೊಳ್ಳಮ್ಮನವರ ಮನೆಯ ಹೊರಗೋಡೆಗಳನ್ನು ಅವನು ಮೇ ಕೊನೆಗೆ ಒಪ್ಪಿಕೊಂಡಿದ್ದ. ಮಳೆ ಹಿಡಿಯುವ ಮೊದಲು ಮುಗಿಯಬೇಕು. ಹಿಂದಿನ ಗೋಡೆಯ ಬುಡದಲ್ಲಿ, ಪಾಚಿಯ ನಡುವೆ ಒಂದು ಕೆಂಪು ಗೆರೆಯಿತ್ತು. ಯಾವುದೋ ಮಗು ಗೀಚಿರಬೇಕೆಂದು ತಂತಿ ಬ್ರಷ್ಷಿನಲ್ಲಿ ಉಜ್ಜಿ, ಪ್ರೈಮರ್ ಬಳಿದು, ಮೇಲೆ ಎರಡು ಕೋಟ್ ಕೆನೆಬಣ್ಣ ಹೊಡೆದ. ಅಷ್ಟು ಅಚ್ಚುಕಟ್ಟಾಗಿ ಅವನು ಜೀವನದಲ್ಲಿ ಬೇರೇನನ್ನೂ ಮುಗಿಸಿರಲಿಲ್ಲ.

ಸಂಜೆ ಬೊಳ್ಳಮ್ಮ ಕಾಫಿ ಕೊಡುತ್ತಾ, "ಹಿಂದಿನ ಗೆರೆ ಉಳಿಸಿದ್ದೀಯ ತಾನೆ?" ಅಂದರು.

"ಯಾವ ಗೆರೆ ಅಕ್ಕಾ?"

"ಕೆಂಪುದು. ಪ್ರವಾಹದ ವರ್ಷ ನಾನೇ ಎಳೆದದ್ದು. ನೀರು ಅದನ್ನು ಮುಟ್ಟಿದ ಅರ್ಧ ಗಂಟೆಗೆ ರಸ್ತೆ ಮುಳುಗ್ತದೆ. ಅಷ್ಟರೊಳಗೆ ಇವರನ್ನು ಸಾಗಿಸಬೇಕಲ್ಲ."

ಇವರು ಅಂದರೆ ಗಂಡ ನಾಣಯ್ಯ. ಪಾರ್ಶ್ವವಾಯು ಬಡಿದು ಎರಡು ವರ್ಷದಿಂದ ಮಂಚದ ಮೇಲೆ.

"ಹೂಂ, ಇದೆ," ಅಂದುಬಿಟ್ಟ ಮನು. ಅರ್ಧ ಕುಡಿದ ಲೋಟ ಕೆಳಗಿಟ್ಟ.

ಹಿಂದೆ ಹೋಗಿ ಕುಕ್ಕರಗಾಲಲ್ಲಿ ಕೂತ. ಗೆರೆ ನಲ್ಲಿಯ ಮೇಲಿತ್ತೋ ಕೆಳಗಿತ್ತೋ? ಫೋನು ತೆಗೆದು ಹುಡುಕಿದ. ಅದರಲ್ಲಿದ್ದದ್ದೆಲ್ಲ ಮುಗಿದ ಗೋಡೆ, ಮುಂದೆ ಅವನದೇ ಹಲ್ಲು. ಪೆನ್ಸಿಲಿನಲ್ಲಿ ನಲ್ಲಿಯ ಸಮಕ್ಕೆ ಒಂದು ಗೆರೆ ಎಳೆದ. ಮೇಲಾಯಿತೇನೋ ಅನಿಸಿತು. ನಾಲ್ಕು ಬೆರಳು ಕೆಳಗೆ ಇನ್ನೊಂದು. ಕತ್ತುಮಟ್ಟದ ನೀರಲ್ಲಿ ತೇಲುವ ನಾಣಯ್ಯನವರ ಮಂಚ ಕಣ್ಣ ಮುಂದೆ ಬಂತು. ಒಂದು ಗೇಣು ಕೆಳಗೆ ಮತ್ತೊಂದು.

"ಇದೇನು ಮಾರಾಯ, ನನ್ನ ಮನೆಗೆ ಮೂರು ಹೊಳೆ ಬರ್ತದಾ?" ಬೊಳ್ಳಮ್ಮ ಬೆನ್ನ ಹಿಂದೆಯೇ ನಿಂತಿದ್ದರು.

ಮನು ಎಲ್ಲ ಹೇಳಿದ. ಕಿಟಕಿಯ ಒಳಗಿನಿಂದ ನಾಣಯ್ಯ ತೊದಲುತ್ತಾ, "ಅವನಿಗೆ ಈಜು ಬರ್ತದಾ ಕೇಳು," ಅಂದರು.

ಬೊಳ್ಳಮ್ಮ ಗೋಡೆಯನ್ನು ತುಂಬಾ ಹೊತ್ತು ನೋಡಿದರು. "ನನಗೂ ಈಗ ಗುರ್ತು ಸಿಗ್ತಿಲ್ಲ. ಎಲ್ಲಕ್ಕಿಂತ ಕೆಳಗಿನದಕ್ಕೆ ಕೆಂಪು ಹಚ್ಚು. ಮುಟ್ಟಿದ ದಿನ ಜೀಪು ನೀನೇ ತರಬೇಕು."

ಜುಲೈ ಪೂರ್ತಿ ಮನು ದಿನಕ್ಕೆ ಮೂರು ಸಲ ಫೋನ್ ಮಾಡಿದ.

"ಅಕ್ಕಾ, ನೀರೆಲ್ಲಿದೆ?"

"ಹೊಳೆಯಲ್ಲಿದೆ. ಫೋನಿಡು."

ತಿಂಗಳ ಕೊನೆಯ ಒಂದು ಬೆಳಿಗ್ಗೆ ಅವರೇ ಮಾಡಿದರು. "ಮುಟ್ಟಿತು."

ಮನು ಗೆಳೆಯ ಲೋಕೇಶನೊಡನೆ ಅವನ ಜೀಪಿನಲ್ಲಿ ಬಂದ. ಇಬ್ಬರೂ ನಾಣಯ್ಯನವರನ್ನು ಕುರ್ಚಿ ಸಮೇತ ಎತ್ತಿದರು. ರಸ್ತೆಯಲ್ಲಿ ಹನಿ ಮಳೆ ಬಿಟ್ಟರೆ ನೀರಿರಲಿಲ್ಲ. ಏರಿನ ಮೇಲಿನ ಶಾಲೆಯ ಜಗುಲಿ ತಲುಪಿ ಮನು ಕೆಳಗೆ ನೋಡುತ್ತಲೇ ನಿಂತ. ಹೊಳೆ ರಸ್ತೆಗೆ ಬಂದದ್ದು ಗೆರೆ ಮುಟ್ಟಿದ ಒಂದೂವರೆ ಗಂಟೆಯ ಮೇಲೆ.

"ನಿನ್ನ ಗೆರೆ ತಪ್ಪು," ಅಂದರು ನಾಣಯ್ಯ.

"ಹೌದಣ್ಣ, ತಪ್ಪು," ಅಂದ ಮನು. ಆ ತಿಂಗಳಲ್ಲಿ ಮೊದಲ ಸಲ, ಸದಾ ಕೈಯಲ್ಲೇ ಹಿಡಿದಿದ್ದ ಫೋನನ್ನು ಜೇಬಿಗೆ ಹಾಕಿದ.