ಬಿಸಿಲಿಗಿಡದ ಕಲ್ಲು

ಹೋದ ವರ್ಷ ಮನೆಗೆ ಬಣ್ಣ ಹಚ್ಚಿಸಿದಾಗ ನನ್ನ ಟೇಬಲ್ಲಿನ ಮೇಲಿದ್ದ ಸಾಮಾನನ್ನೆಲ್ಲ ಹೆಂಡತಿ ಬುಟ್ಟಿಗೆ ತುಂಬಿ ಟೆರೇಸಿಗೆ ಸಾಗಿಸಿದ್ದಳು. ಆಮೇಲೆ ಪುಸ್ತಕ ಕೆಳಗಿಳಿದವು, ಪೆನ್ನಿನ ಡಬ್ಬಿ ಇಳಿಯಿತು, ಕನ್ನಡಕದ ಪೆಟ್ಟಿಗೆ ಇಳಿಯಿತು. ಕಾಗದ ಹಾರದಂತೆ ಇಡುತ್ತಿದ್ದ ಕರಿಕಲ್ಲು ಮಾತ್ರ ನೀರಿನ ಟಾಕಿಯ ಪಕ್ಕದಲ್ಲೇ ಉಳಿಯಿತು. ಯಾರಿಗೂ ಅದರ ನೆನಪಾಗಲಿಲ್ಲ, ನನಗೂ ಆಗಲಿಲ್ಲ. ಒಂದು ಮಳೆಗಾಲ, ಒಂದು ಚಳಿಗಾಲ, ಒಂದು ಬೇಸಿಗೆ ಅದರ ಮೇಲೆ ಹಾದುಹೋದವು. ಮೊನ್ನೆ ಟಾಕಿ ತುಂಬಿ ಹರಿಯುತ್ತಿದೆಯೆಂದು ವಾಲ್ವು ತಿರುಗಿಸಲು ಹೋದವನು ಬಗ್ಗಿ ಅದನ್ನು ಎತ್ತಿದೆ. ಕಲ್ಲು ಕೈಗೆ ಬರಲಿಲ್ಲ. ಬೆರಳುಗಳ ನಡುವೆ ಉದುರಿತು… ಜೋಳದ ಕಾಳಿನಷ್ಟು ದಪ್ಪನೆಯ ಬೂದು ಹರಳು. ಟಾಕಿಯ ನೀರು ಬಿದ್ದು ಹಸಿಯಾಗಿದ್ದ ಆ ಹರಳಿನಿಂದ ಹೊಸ ಬಾವಿಯ ವಾಸನೆ ಎದ್ದಿತು. ನಾನು ಅಲ್ಲೇ ಕಟ್ಟೆಯ ಮೇಲೆ ಕುಳಿತುಬಿಟ್ಟೆ. ಕೆಳಗಿನಿಂದ ಹೆಂಡತಿ, "ವಾಲ್ವ ಬಂದ್ ಆತೇನ್ರಿ?" ಎಂದು ಕೂಗುತ್ತಲೇ ಇದ್ದಳು.

ಮೂವತ್ತು ವರ್ಷಕ್ಕೂ ಮೇಲಾಗಿತ್ತು ಆ ಕಲ್ಲು ನನ್ನ ಬಳಿ ಬಂದು. ನಾನು ಕಲ್ಲಿನ ವಿದ್ಯೆ ಓದಿದವನು, ಕಲ್ಲು ನೋಡಿ ನೀರು ಹೇಳುವ ಸರ್ಕಾರಿ ಕೆಲಸ ಮಾಡಿ ಈಗ ಗೋಕಾಕದಲ್ಲಿ ಪೆನ್ಶನ್ ತಿನ್ನುತ್ತಿರುವವನು. ಅದು ಗಟ್ಟಿ ಕಲ್ಲು ಎಂದು ಮೂವತ್ತು ವರ್ಷ ನಂಬಿದ್ದೆ. ನಂಬಿದ್ದೆ ಅನ್ನುವುದೂ ಪೂರ್ತಿ ಖರೆಯಲ್ಲ. ನಂಬಿಕೊಂಡೇ ಇರುವ ಹಾಗೆ ಅದನ್ನು ಜೋಪಾನ ಮಾಡಿದ್ದೆ.

ಕಲ್ಲನ್ನು ಬಾವಿಯಿಂದ ತೆಗೆದವರು ಕಾಕಾ. ಸಂಬಂಧದಲ್ಲಿ ನನಗೇನೂ ಆಗಬೇಕಾದವರಲ್ಲ. ಹುಕ್ಕೇರಿ ಸೀಮೆಯಲ್ಲಿ ಬಾವಿ ತೋಡಿಸುವವರೆಲ್ಲ ಅವರನ್ನು ಕಾಕಾ ಎಂದೇ ಕರೆಯುತ್ತಿದ್ದರು, ನಾನೂ ಕರೆದೆ. ಹಿಡಕಲ್ ಕಡೆಯ ಹಳ್ಳಿ ಅವರದು. ಕಟ್ಟುಮಸ್ತಾದ ಕುಳ್ಳು ದೇಹ, ಒಂದು ಕಿವಿ ಮಂದ. ಕಲ್ಲೊಡೆಯಲು ಮದ್ದಿನ ತೋಟಾ ಹಾರಿಸಿ ಹಾರಿಸಿ ಆ ಕಿವಿ ಹೋಗಿತ್ತು. ಜೊತೆಗೆ ಯಾವಾಗಲೂ ಅವರ ತಮ್ಮ ಇರುತ್ತಿದ್ದ. ತಮ್ಮ ಮಾತಾಡುತ್ತಿದ್ದುದು ಬಹಳ ಕಡಿಮೆ. ಅಣ್ಣ ಅರ್ಧ ಹೇಳುವಷ್ಟರಲ್ಲಿ ಹಾರೆ ಎತ್ತಿಕೊಂಡು ಹೋಗಿರುತ್ತಿದ್ದ.

ಕಾಕಾಗೆ ಕಲ್ಲುಗಳೂ ನೆಂಟರಿದ್ದ ಹಾಗೆ. ಒಂದೊಂದರ ಗುಣ ಹೇಳುತ್ತಿದ್ದರು. "ಗೋಕಾಕದ ಕಲ್ಲು ಸಿಟ್ಟಿನ ಮನಷ್ಯಾ ಇದ್ದಂಗ್ರಿ. ಒಳಗ ಏನೈತಿ ಅದನ್ನ ಮಾರಿ ಮ್ಯಾಲ ತೋರಸ್ತೈತಿ. ನಮ್ಮ ಹುಕ್ಕೇರಿ ಕರಿಕಲ್ಲು ಹಂಗಲ್ಲ, ನಕ್ಕೋಂತನ ಕೊಲ್ಲತೈತಿ" ಎನ್ನುತ್ತಿದ್ದರು. ಅದಕ್ಕಾಗಿಯೇ ಅವರದೊಂದು ಪದ್ಧತಿ ಇತ್ತು. ಬಾವಿಯಲ್ಲಿ ಹೊಸ ಪದರು ಹತ್ತಿದಾಗಲೆಲ್ಲ ಅದರ ಒಂದು ತುಂಡನ್ನು ಮೇಲೆ ತಂದು ದಂಡೆಯ ಮೇಲೆ ಇಡುತ್ತಿದ್ದರು. ಹದಿನೈದು ದಿನ ಅದಕ್ಕೆ ಬಿಸಿಲು ಬೀಳಬೇಕು, ನಡುನಡುವೆ ನೀರು ಚಿಮುಕಿಸಬೇಕು. ಇದಕ್ಕೆ ಅವರು "ಕಲ್ಲಿಗೆ ಬಿಸಲ ತೋರಸೂದು" ಅನ್ನುತ್ತಿದ್ದರು, ಬಾಣಂತಿ ಕೂಸಿಗೆ ತೋರಿಸಿದ ಹಾಗೆ. ಕಲ್ಲು ಹಾಗೇ ಉಳಿದರೆ ಸರಿ. ಮೈಮೇಲೆ ಬೂದಿಬಣ್ಣದ ಚುಕ್ಕೆ ಎದ್ದರೆ ಅದು 'ಬಿಸಿಲಗಲ್ಲು'. ಆ ಪದರನ್ನು ಬರಿಮೈಯಲ್ಲಿ ಬಿಡಬಾರದು. ಅದರ ಮುಂದೆ ಕಲ್ಲಿನ ಗೋಡೆ ಕಟ್ಟಿಸಿದ ಮೇಲೆಯೇ ಕೆಳಗೆ ತೋಡಬೇಕು. ಇಲ್ಲದಿದ್ದರೆ ಮಳೆ, ಬಿಸಿಲು ತಾಗಿ ಪದರು ಕಾಳು ಕಾಳಾಗಿ ಉದುರಿ, ಅದರ ಮೇಲೆ ಕೂತ ಬಂಡೆ ಕೆಳಗೆ ಬರುತ್ತದೆ.

ಆ ಪದವನ್ನು ನಾನು ಅವರ ಬಾಯಲ್ಲಿ ಬಿಟ್ಟು ಬೇರೆಲ್ಲೂ ಕೇಳಿರಲಿಲ್ಲ. ಧಾರವಾಡದಲ್ಲಿ ಎಂ.ಎಸ್ಸಿ. ಮುಗಿಸಿ, ನೌಕರಿಯ ಆರ್ಡರು ಕಾಯುತ್ತ ಘಟಪ್ರಭಾದ ಮನೆಯಲ್ಲಿದ್ದೆ. ಇಪ್ಪತ್ನಾಲ್ಕರ ವಯಸ್ಸು. ಪುಸ್ತಕದಲ್ಲಿ ಇಲ್ಲದ ಕಲ್ಲು ಭೂಮಿಯ ಮೇಲೂ ಇಲ್ಲ ಅನ್ನುವ ವಯಸ್ಸು ಅದು.

ಆ ಬೇಸಿಗೆಯಲ್ಲಿ ನಮ್ಮ ಮಾಮಾ, ಅಂದರೆ ಅವ್ವನ ಅಣ್ಣ, ಹುಕ್ಕೇರಿ ಹತ್ತಿರದ ಹೊಲದಲ್ಲಿ ಬಾವಿ ತೋಡಿಸುತ್ತಿದ್ದರು. ಮೂವತ್ತು ಅಡಿ ಇಳಿದಿತ್ತು. ಮೂಡಲ ಬದಿಯಲ್ಲಿ ಒಂದು ಮೊಳದಷ್ಟು ದಪ್ಪದ ಪದರು ಕಂಡು ಕಾಕಾ ಕೆಲಸ ನಿಲ್ಲಿಸಿದ್ದರು. ತುಂಡನ್ನು ದಂಡೆಗಿಟ್ಟು, ಹದಿನೈದು ದಿನ ಬಿಡ್ರಿ ಅಂದಿದ್ದರು. ಮಾಮಾಗೆ ತಡೆಯುವ ಹಾಗಿರಲಿಲ್ಲ. ಕಲ್ಲೆತ್ತುವ ಕ್ರೇನು ಆಮೇಲೆ ಮೂಡಲಗಿಯ ಒಬ್ಬರಿಗೆ ಹೋಗುವುದಿತ್ತು, ಅವರು ದಿನಾ ಮನುಷ್ಯನನ್ನು ಕಳಿಸುತ್ತಿದ್ದರು. ಮೂರನೆಯ ದಿನ ಮಾಮಾ ನನ್ನನ್ನು ಗಾಡಿಯ ಮೇಲೆ ಕೂರಿಸಿಕೊಂಡು ಹೋದರು. "ಮನ್ಯಾಗ ಕಲ್ಲಿನ ಡಾಕ್ಟರ್ ಇಟಗೊಂಡು ನಾ ಯಾಕ ಕಾಯಲಿ?" ಅಂದರು. ನನಗೆ ಅದು ಬಹಳ ಹಿತವಾಯಿತು.

ದಂಡೆಯ ಮೇಲಿದ್ದ ಕಲ್ಲನ್ನು ಎತ್ತಿ ಸುತ್ತಿಗೆಯಿಂದ ಬಡಿದೆ. ಗಂಟೆಯಂತೆ ಠಣ್ಣೆಂದಿತು. ಕಿಸೆಯಿಂದ ಭೂತಗನ್ನಡಿ ತೆಗೆದು ನೋಡಿದೆ, ಚಾಕುವಿನಿಂದ ಗೀರಿದೆ. ಸುತ್ತ ನಿಂತವರು ಉಸಿರು ಬಿಗಿಹಿಡಿದು ನೋಡುತ್ತಿದ್ದರು. ನೋಡಲಿ ಎಂದೇ ನಾನೂ ಸ್ವಲ್ಪ ಹೊತ್ತು ಹೆಚ್ಚಾಗಿ ನೋಡಿದೆನೇನೋ… ಗಟ್ಟಿ ಕಲ್ಲು, ಗೋಡೆ ಬೇಕಿಲ್ಲ, ತೋಡಬಹುದು ಎಂದು ಹೇಳಿದೆ.

ಕಾಕಾ ಜಗಳ ಮಾಡಲಿಲ್ಲ. ತಲೆಯ ಟವೆಲ್ಲು ಬಿಚ್ಚಿ ಮುಖ ಒರೆಸಿಕೊಂಡರು. "ನೀವು ಸಾಲಿ ಕಲ್ತವ್ರು, ನಿಮ್ಮ ಮಾತಿಗೆ ನಾ ಇಲ್ಲನ್ನೂದಿಲ್ಲ. ಖರೆ, ಇದರ ಹದಿನೈದ ದಿನಾ ಮುಗದಿಲ್ಲರಿ ಸಾಹೇಬ್ರ."

"ಕಲ್ಲು ನಾ ಒಯ್ತೇನಿ ಕಾಕಾ. ಮನ್ಯಾಗ ಬಿಸಲಿಗೆ ಇಡ್ತೇನಿ. ಏನರ ಕಂಡ್ರ ಬಂದು ಹೇಳ್ತೇನಿ" ಅಂದೆ.

"ನೀರ ಚಿಮುಕ್ಸೂದು ಮರೀಬ್ಯಾಡ್ರಿ ಮತ್ತ" ಅಂದರು. ಅಷ್ಟರಲ್ಲಿ ಅವರ ತಮ್ಮ ಹಗ್ಗ ಹಿಡಿದು ಬಾವಿಗೆ ಇಳಿದಾಗಿತ್ತು.

ಮನೆಗೆ ತಂದ ಕಲ್ಲನ್ನು ನಾನು ಫ್ಯಾನಿನ ಕೆಳಗೆ, ಟೇಬಲ್ಲಿನ ಮೇಲೆ ಇಟ್ಟೆ. ಅರ್ಜಿಗಳು ಹಾರುತ್ತಿದ್ದವು, ಅವುಗಳ ಮೇಲೆ ಹೇರಿದೆ. ಬಿಸಿಲಿಗೆ ಇಡಬೇಕೆಂದು ಒಂದೆರಡು ಸಲ ನೆನಪಾಯಿತು. ನೆನಪಾದಾಗ ನಗು ಬಂತು.

ಒಂದೂವರೆ ತಿಂಗಳು ಕಳೆದಿರಬೇಕು. ಎರಡು ಮೂರು ಅಡ್ಡಮಳೆ ಬಂದುಹೋಗಿದ್ದವು, ನಡುವೆ ಸುಡುಬಿಸಿಲು. ಹಿಂದಿನ ಸಂಜೆ ಕಾಕಾ ತೋಟಾ ಹಾರಿಸಿದ್ದರು. ಮರುದಿನ ಬೆಳಿಗ್ಗೆ ಅಣ್ಣ ತಮ್ಮ ಒಡೆದ ಕಲ್ಲು ತುಂಬುತ್ತಿದ್ದಾಗ ಮೂಡಲ ಬದಿಯ ಬಂಡೆ ಕೆಳಗೆ ಬಂತು. ತಮ್ಮ ಅದರ ಕೆಳಗೇ ಇದ್ದ… ಎದುರು ಬದಿಯಲ್ಲಿದ್ದ ಕಾಕಾ ಅವನತ್ತ ಓಡಿದರಂತೆ, ಎರಡನೆಯ ಬಂಡೆ ಅವರ ಕಾಲಿನ ಮೇಲೆ ಬಿತ್ತು. ತಮ್ಮನನ್ನು ಮೇಲೆ ತರುವಷ್ಟರಲ್ಲಿ ಮಧ್ಯಾಹ್ನವಾಗಿತ್ತು. ಎರಡೇ ದಿನಕ್ಕೆ ಬಾವಿಯಲ್ಲಿ ನೀರು ಏರಿತು. ಮೂಡಲ ಬದಿಯಲ್ಲಿ ಏನಾಗಿತ್ತೆಂದು ಆಮೇಲೆ ನೋಡುವಂತಿರಲಿಲ್ಲ. ನೋಡಬೇಕೆಂದು ನಾನು ಹೋಗಲೂ ಇಲ್ಲ. ಹಿಂದಿನ ದಿನದ ತೋಟಾ ಹೆಚ್ಚಾಗಿತ್ತು, ಅದಕ್ಕೇ ಬಂಡೆ ಸಡಿಲಾಯಿತು ಎಂದು ಜನ ಮಾತಾಡಿಕೊಂಡರು. ಮಾಮಾ ಹೌದೆಂದರು.

ಕಾಕಾನನ್ನು ಘಟಪ್ರಭಾದ ಆಸ್ಪತ್ರೆಗೆ ಹಾಕಿದ್ದರು. ನಮ್ಮ ಮನೆಯಿಂದ ನಡೆದು ಹೋಗುವ ದೂರ. ಹೋಗದೆ ಬಿಡಲು ನೆವ ಇರಲಿಲ್ಲ. ಹೋದೆ. ಕಾಲಿಗೆ ಪ್ಲಾಸ್ಟರು, ಕಣ್ಣು ಕೆಂಡ. ಗೋಡೆಯ ಕಡೆ ಮುಖ ಮಾಡಿ ಮಲಗಿದ್ದರು. ನನ್ನನ್ನು ಕಂಡು ಕೇಳಿದ್ದು ಒಂದೇ ಮಾತು.

"ಆ ಕಲ್ಲು ಏನಾತ್ರಿ ಸಾಹೇಬ್ರ?"

"ಹಂಗ ಐತಿ ಕಾಕಾ."

"ತಂದ ತೋರಸ್ರಿ."

ಮರುದಿನ ಒಯ್ದು ಕೊಟ್ಟೆ. ಅವರು ಅದನ್ನು ಎರಡೂ ಕೈಯಲ್ಲಿ ಹಿಡಿದು ತಿರುವಿ ತಿರುವಿ ನೋಡಿದರು, ಉಗುರಿನಿಂದ ಕೆರೆದರು, ನಾಲಿಗೆಯ ತುದಿಗೆ ಮುಟ್ಟಿಸಿದರು. ಒಂದು ಚುಕ್ಕೆ ಇರಲಿಲ್ಲ. ಆಮೇಲೆ ತಲೆ ಎತ್ತಿ ನನ್ನ ಮುಖ ನೋಡಿದರು.

"ಬಿಸಲಿಗೆ ಇಟ್ಟಿದ್ರಿಲ್ಲೋ?"

ನನ್ನ ಕಿಸೆಯಲ್ಲಿ ನೌಕರಿಯ ಆರ್ಡರು ಇತ್ತು, ಎರಡು ದಿನದ ಹಿಂದೆ ಬಂದದ್ದು. ಹಾಸಿಗೆಯ ಪಕ್ಕ ನೆಲದ ಮೇಲೆ ಕಾಕು, ಅವರ ಹೆಂಡತಿ, ಕೂತಿದ್ದರು. ಅವರ ಪಕ್ಕದಲ್ಲಿ ತಮ್ಮನ ಹೆಂಡತಿ ಸೆರಗು ಹೊದ್ದು ನೆಲ ನೋಡುತ್ತ ಕೂತಿದ್ದಳು.

"ಇಟ್ಟಿದ್ದೆ" ಅಂದೆ.

ಕಾಕಾ ಕಲ್ಲನ್ನು ನನಗೆ ವಾಪಸು ಕೊಟ್ಟರು. "ಹಂಗಂದ್ರ ಕಲ್ಲಿನ ತಪ್ಪಲ್ರಿ. ನಂದ" ಅಂದರು. ಅಂದವರು ಮತ್ತೆ ಗೋಡೆಯ ಕಡೆ ತಿರುಗಿದರು. ತಮ್ಮನ ಹೆಂಡತಿ ಆಗ ಒಂದು ಸಲ ತಲೆ ಎತ್ತಿ ಅವರ ಬೆನ್ನು ನೋಡಿದಳು. ಆ ನೋಟವನ್ನು ನಾನು ಮರೆಯಲು ಬಹಳ ಕಷ್ಟಪಟ್ಟಿದ್ದೇನೆ.

ಕಾಕಾ ಮತ್ತೆ ಬಾವಿಗೆ ಇಳಿಯಲಿಲ್ಲ. ಇಳಿಯುವ ಕಾಲೂ ಉಳಿದಿರಲಿಲ್ಲ, ಕರೆಯುವವರೂ ಇರಲಿಲ್ಲ. ತಮ್ಮನನ್ನೇ ಕೊಂದುಕೊಂಡವನು ಎಂದು ಜನ ಹಿಂದಿನಿಂದ ಆಡುತ್ತಿದ್ದರು, ಮಂದವಾದ ಕಿವಿಯ ಕಡೆಯಿಂದಷ್ಟೇ ಆಡುತ್ತಿದ್ದರೆಂದು ಹೇಳಲಾರೆ. ಮಾಮಾ ಮುಂದಿನ ವರ್ಷ ನೀರು ತೆಗೆಸಿ ಬಾವಿಯ ಸುತ್ತ ಗೋಡೆ ಕಟ್ಟಿಸಿದರು, ಕಾಕಾ ಹೇಳುತ್ತಿದ್ದ ಅದೇ ಗೋಡೆ. ಇಂದಿಗೂ ಅಲ್ಲಿ ಕಬ್ಬು ಹಸಿರಾಗಿದೆ. ಮಾಮಾನ ಮನೆಯಲ್ಲಿ ಊಟಕ್ಕೆ ಕೂತಾಗ ತಂಬಿಗೆಯ ನೀರನ್ನು ನಾನು ನಾಲ್ಕು ಸಲ ಯೋಚಿಸಿ ಕುಡಿಯುತ್ತೇನೆ, ಆದರೆ ಕುಡಿಯುತ್ತೇನೆ.

ಘಟಪ್ರಭಾ ಸ್ಟೇಶನ್ನಿನ ಹೊರಗೆ ಕಾಕಾ ಹುರಿದ ಶೇಂಗಾ ಮಾರಲು ಕೂತರು. ನೌಕರಿಯ ಓಡಾಟದಲ್ಲಿ ನಾನು ಅವರ ಮುಂದೆಯೇ ಹಾಯಬೇಕಿತ್ತು. "ಆರಾಮ ಅದೀರೇನ್ರಿ ಸಾಹೇಬ್ರ?" ಎಂದು ಕೇಳಿ, ಶೇಂಗಾ ಪೊಟ್ಟಣ ಕಟ್ಟುತ್ತ, "ಕಲ್ಲು ಐತೇನ್ರಿ ಇನ್ನೂ?" ಅನ್ನುತ್ತಿದ್ದರು. ಐತಿ ಕಾಕಾ ಅನ್ನುತ್ತಿದ್ದೆ. "ಗಟ್ಟಿ?" ಗಟ್ಟಿ ಐತಿ ಕಾಕಾ. ಅವರು ತಲೆಯಾಡಿಸುತ್ತಿದ್ದರು. ಎಷ್ಟೋ ವರ್ಷ ಹೀಗೇ ನಡೆಯಿತು…

ನೌಕರಿ ಸೇರಿ ಏಳೆಂಟು ವರ್ಷದ ಮೇಲೆ ಆಫೀಸಿನ ದಪ್ಪ ಪುಸ್ತಕವೊಂದರಲ್ಲಿ ಆ ಕಲ್ಲು ಸಿಕ್ಕಿತು. ಅಪರೂಪದ ಶಬ್ದ, ಜರ್ಮನಿಯ ಕಲ್ಲು ಒಡೆಯುವವರು ಇಟ್ಟ ಹೆಸರಂತೆ, ಇಂಗ್ಲಿಷಿನವರು ಸನ್‌ಬರ್ನ್ ಅನ್ನುತ್ತಾರೆ. ತೆಗೆದಾಗ ಗಟ್ಟಿಯಿರುವ ಕರಿಕಲ್ಲು ಹವೆಗೆ ಬಿದ್ದ ಮೇಲೆ ಅದರಲ್ಲಿ ನಕ್ಷತ್ರದಂಥ ಬೂದು ಚುಕ್ಕೆ ಏಳುತ್ತದೆ, ಚುಕ್ಕೆಯಿಂದ ಚುಕ್ಕೆಗೆ ಕೂದಲಿನಂಥ ಬಿರುಕು ಹರಿಯುತ್ತದೆ, ಕೊನೆಗೆ ಕಾಳಾಗಿ ಉದುರುತ್ತದೆ. ಸುತ್ತಿಗೆಯ ಪರೀಕ್ಷೆಗೆ ಇದು ಸಿಗುವುದಿಲ್ಲ ಎಂದೂ ಬರೆದಿತ್ತು. ಪುಸ್ತಕ ಮುಚ್ಚಿ ಮನೆಗೆ ಬಂದು ಟೇಬಲ್ಲಿನ ಕಲ್ಲನ್ನು ನೋಡಿದೆ. ಚುಕ್ಕೆ ಇರಲಿಲ್ಲ. ಅಂಗಳದಲ್ಲಿ ಬಿಸಿಲು ಇತ್ತು, ನಲ್ಲಿಯಲ್ಲಿ ನೀರು ಇತ್ತು. ಹದಿನೈದು ದಿನದ ಕೆಲಸ. ನಾನು ಮಾಡಲಿಲ್ಲ. ಮೂರು ಸಲ ಮನೆ ಬದಲಿಸಿದೆ, ಮೂರೂ ಸಲ ಕಲ್ಲನ್ನು ಹಳೆಯ ಧೋತರದಲ್ಲಿ ಸುತ್ತಿ ಒಯ್ದು ನೆರಳಿನಲ್ಲೇ ಇಟ್ಟೆ. ಹೆದರಿಕೆ, ಮತ್ತೇನೂ ಅಲ್ಲ. ಹೇಡಿ ಅನ್ನುವುದಕ್ಕೆ ಪುಸ್ತಕ ನೋಡುವ ಅವಶ್ಯಕತೆ ಇಲ್ಲ.

ಕಾಕಾ ತೀರಿಕೊಂಡು ಒಂಬತ್ತು ವರ್ಷವಾಯಿತು.

ಈಗ ನನ್ನ ಹಳೆಯ ಗೆಳೆಯನೊಬ್ಬ ಕಲ್ಲು-ಖನಿಜಗಳ ಶಬ್ದಗಳಿಗೆ ಕನ್ನಡ ಕೋಶ ಮಾಡುತ್ತಿದ್ದಾನೆ. ಕೆಲವು ಶಬ್ದಗಳನ್ನು ನನಗೆ ಕಳಿಸಿದ್ದ. ಪ್ರತಿಯೊಂದಕ್ಕೂ ಕನ್ನಡದ ಹೆಸರು, ಅರ್ಥ, ಬಳಕೆಯ ಒಂದು ವಾಕ್ಯ ಬರೆದುಕೊಡು ಅಂದಿದ್ದ. ಪಟ್ಟಿಯಲ್ಲಿ ಆ ಸನ್‌ಬರ್ನ್ ಶಬ್ದವೂ ಇತ್ತು. ಅದೊಂದನ್ನು ಬಿಟ್ಟು ಉಳಿದದ್ದೆಲ್ಲ ಬರೆದಿಟ್ಟಿದ್ದೆ. ಟೆರೇಸಿನ ಹರಳು ಬಳಿದು ಹಾರ್ಲಿಕ್ಸ್ ಡಬ್ಬಿಗೆ ತುಂಬಿದ ದಿನ ಕೂತು ಬರೆದೆ. ಹೆಸರು, ಬಿಸಿಲಗಲ್ಲು. ಅರ್ಥ ನಾಲ್ಕು ಸಾಲು, ಕಾಕಾ ಹೇಳಿದ್ದನ್ನೇ ಶಿಷ್ಟ ಕನ್ನಡಕ್ಕೆ ತಿರುಗಿಸಿದ್ದು. ಬಳಕೆಯ ವಾಕ್ಯದ ಜಾಗ ಖಾಲಿ ಬಿಟ್ಟೆ.

ಮರುದಿನ ಡಬ್ಬಿ ಹಿಡಿದು ಕಾಕುವಿನ ಮನೆಗೆ ಹೋದೆ. ಕಣ್ಣು ಮಂಜಾಗಿದೆ, ಆದರೆ ನನ್ನ ದನಿ ಗುರುತು ಹಿಡಿದರು. ಚಾ ಮಾಡಲು ಏಳುತ್ತಿದ್ದವರನ್ನು ಕೂರಿಸಿ ಎಲ್ಲ ಹೇಳಿದೆ. ಬಿಸಿಲಿಗೆ ಇಟ್ಟಿರಲಿಲ್ಲ ಎಂದೂ ಹೇಳಿದೆ. ಅವರು ಅಂಗೈ ಚಾಚಿದರು. ಒಂದು ಹಿಡಿ ಹರಳು ಹಾಕಿದೆ. ಬೆರಳಿನಿಂದ ಬಹಳ ಹೊತ್ತು ಹೊರಳಾಡಿಸಿದರು, ಅಕ್ಕಿಯಲ್ಲಿ ಹರಳು ಆರಿಸುವ ಹಾಗೆ. ಬೈಯುತ್ತಾರೆ ಅಂದುಕೊಂಡೆ. ಬೈಯಲಿ ಅಂತಲೇ ಹೋಗಿದ್ದೆ.

"ಮೈದುನ ಹೋದ ಮ್ಯಾಲ ನಮ್ಮ ನೆಗೆಣ್ಣಿ ತವರಿಗೆ ಹೋದ್ಳರಿ, ಕಲ್ಲೋಳಿಗೆ" ಅಂದರು. "ಇವ್ರು ವರ್ಷಕ್ಕೊಮ್ಮೆ ಬಸ್ ಹತ್ತಿ ಹೋಗತಿದ್ರು, ಅಕಿ ಕಾಲಿಗೆ ಬೀಳಬೇಕಂತ. ಸ್ಟ್ಯಾಂಡಿನ್ಯಾಗ ಇಳಿದು ನಿಂತು, ಹೊಳ್ಳಿ ಬರೂ ಬಸ್ಸಿಗೆ ಬಂದಬಿಡ್ತಿದ್ರು. ಊರಾಗ ಹೆಜ್ಜಿ ಇಡಾಕ ಆಗಲಿಲ್ಲ ಅವ್ರಿಗೆ. ಯಾವ ಮಾರಿ ಹೊತ್ತು ಹೋಗಲಿ ಅಂತಿದ್ರು."

ಹರಳನ್ನು ಡಬ್ಬಿಗೆ ವಾಪಸು ಸುರಿದು ಕೈ ಝಾಡಿಸಿಕೊಂಡರು. "ಇದನ್ನ ನಾ ಇಟಗೊಂಡು ಏನ ಮಾಡ್ಲಿ? ನಾ ಅವ್ರ ಮ್ಯಾಲ ಎಂದೂ ತಪ್ಪ ಹೊರಸಿಲ್ಲ. ಅಕಿ ಅದಾಳ ಇನ್ನೂ. ಅಕಿ ಮುಂದ ಹೇಳ್ರಿ."

ಗೆಳೆಯ ನಿನ್ನೆ ಬೆಳಿಗ್ಗೆ ಫೋನು ಮಾಡಿದ್ದ, ಬಿಸಿಲಗಲ್ಲಿಗೆ ವಾಕ್ಯ ಬಂದಿಲ್ಲವಲ್ಲೋ ಎಂದು. ವಾಕ್ಯ ನನ್ನ ಬಳಿ ಇದೆ. 'ಅದು ಬಿಸಿಲಗಲ್ಲೋ ಅಲ್ಲವೋ ಎಂದು ಕಾಕಾ ನನ್ನ ಕೈಗೆ ಕೊಟ್ಟಿದ್ದರು, ನಾನು ಬಿಸಿಲಿಗೆ ಇಡಲಿಲ್ಲ.' ಆದರೆ ಅದನ್ನು ಕೋಶಕ್ಕಿಂತ ಮೊದಲು ಕೇಳಬೇಕಾದವಳು ಬೇರೆ ಇದ್ದಾಳೆ. ಮಧ್ಯಾಹ್ನ ಡಬ್ಬಿಯನ್ನು ಚೀಲಕ್ಕೆ ಹಾಕಿಕೊಂಡು ಬಸ್ಸು ಹತ್ತಿದೆ. ಕಲ್ಲೋಳಿಯಲ್ಲಿ ಇಳಿದೆ. ಸ್ಟ್ಯಾಂಡಿನಲ್ಲಿ ಒಬ್ಬ ಹುರಿದ ಶೇಂಗಾ ಮಾರುತ್ತಿದ್ದ, ಅವನನ್ನು ಕೇಳಿದೆ. ಮನೆ ಎರಡು ಓಣಿಯಾಚೆ ಅಂದ, ಕೈ ಮಾಡಿ ತೋರಿಸಿದ. ಚೀಲವನ್ನು ಎದೆಗವಚಿಕೊಂಡು ಬಿಸಿಲಲ್ಲಿ ಬಹಳ ಹೊತ್ತು ನಿಂತಿದ್ದೆ.

ಆಮೇಲೆ ಗೋಕಾಕಕ್ಕೆ ಹೊಳ್ಳಿ ಬರುವ ಬಸ್ಸು ಬಂತು, ಹತ್ತಿ ಕೂತೆ.